ತಂಗಿಯ ಅಂಗಡಿಯ ಎರರ್ ಕೋಡ್

ನನ್ನೆದುರು ಯಾರಾದರೂ "ಫಾರ್ಮ್ಯಾಟ್ ಹೊಡೀರಿ" ಎಂದರೆ ಮೈ ಉರಿಯುತ್ತದೆ. ನಮ್ಮ ಕಡೆ ಕಂಪ್ಯೂಟರಿಗೆ ಏನೇ ಆಗಲಿ, ಮದ್ದು ಅದೊಂದೇ. ಕನ್ನಡ ಅಕ್ಷರ ಮೂಡದಿದ್ದರೆ ಫಾರ್ಮ್ಯಾಟ್, ಪ್ರಿಂಟ್ ಬಾರದಿದ್ದರೆ ಫಾರ್ಮ್ಯಾಟ್, ಎಕ್ಸೆಲ್ ತೆರೆಯಲು ತಡಮಾಡಿದರೂ ಫಾರ್ಮ್ಯಾಟ್. ಒಳಗಿದ್ದದ್ದನ್ನೆಲ್ಲ ಅಳಿಸಿ, ಹೊಸದಾಗಿ ತುಂಬಿ, ಹೆಗಲಿಗೆ ಬ್ಯಾಗು ಹಾಕಿಕೊಂಡು ನಡೆಯುವುದು. ನಾನು ಇಂಡಿ ಪಟ್ಟಣದ ಒಂದು ಕಚೇರಿಯಲ್ಲಿ ಗುಮಾಸ್ತೆ. ರಿಪೇರಿ ನನ್ನ ಕೆಲಸವಲ್ಲ, ಅದನ್ನು ನನಗೆ ಯಾರೂ ಕಲಿಸಿಯೂ ಇಲ್ಲ. ಆದರೆ ಪರದೆಯ ಮೇಲೆ ಅಂಕಿ ಅಕ್ಷರ ಕಲಸಿದ ಎರರ್ ಕೋಡ್ ಒಂದು ಬಂದರೆ ಅದನ್ನು ಓದದೆ ನನಗೆ ಸಮಾಧಾನವಿಲ್ಲ. ಎಲ್ಲಿ ನೋಯುತ್ತಿದೆ ಎಂದು ಯಂತ್ರವೇ ಬಾಯಿಬಿಟ್ಟು ಹೇಳುತ್ತಿರುವಾಗ, ಕೇಳಿಸಿಕೊಳ್ಳದೆ ಅದರ ಹೊಟ್ಟೆ ಕೊಯ್ಯುವುದು ಯಾವ ನ್ಯಾಯ? ಈ ಹಟದಿಂದಾಗಿ ಕಚೇರಿಯಲ್ಲಿ ಯಾರ ವರ್ಡ್ ಕೈಕೊಟ್ಟರೂ "ಬಾಯಾರನ್ನ ಕರೀರಿ" ಎಂದು ನನ್ನ ಕಡೆ ಬೆರಳು ಮಾಡುವುದು ರೂಢಿಯಾಗಿಬಿಟ್ಟಿದೆ.

ಆ ಹಟ ನಮ್ಮ ಮನೆಯ ಕೆಲಸಕ್ಕೆ ಬಂದದ್ದು ಒಂದೇ ಸಲ, ಬಸವನ ಬಾಗೇವಾಡಿಯಲ್ಲಿ, ತಂಗಿಯ ಅಂಗಡಿಯಲ್ಲಿ.

ತಂಗಿಯನ್ನು ಮುದ್ದೇಬಿಹಾಳಕ್ಕೆ ಕೊಟ್ಟಿದ್ದೆವು. ಆ ಮನೆಯಲ್ಲಿ ಅವಳನ್ನು ಯಾರೂ ಹೊಡೆಯಲಿಲ್ಲ, ಬಯ್ಯಲಿಲ್ಲ. ಮಾತಾಡಿಸಲಿಲ್ಲ, ಅಷ್ಟೇ. ಗಂಡ ಊಟಕ್ಕೆ ಕೂತರೆ ತಾಟಿನಿಂದ ಕಣ್ಣೆತ್ತುತ್ತಿರಲಿಲ್ಲ. ಅತ್ತೆಗೆ ಏನಾದರೂ ಬೇಕಿದ್ದರೆ ಗೋಡೆಯ ಕಡೆ ಮುಖ ಮಾಡಿ ಹೇಳುತ್ತಿದ್ದಳು. ಯಾಕೆ ಹೀಗೆ ಎಂದು ಕೇಳಿದರೆ ಎದ್ದು ಹೋಗುತ್ತಿದ್ದರು. ಎರಡು ವರ್ಷ ಹಾಗೆ ಕಳೆದು, ಒಂದು ದಿನ ತಂಗಿ ಹೂವಿನ ಹಿಪ್ಪರಗಿಯ ನಮ್ಮ ತವರುಮನೆಗೆ ಬಂದಳು. ಅವಳ ಬ್ಯಾಗಿನಲ್ಲಿ ಬಟ್ಟೆಗಿಂತ ಮೊದಲು ಕನ್ನಡ ಟೈಪಿಂಗ್ ಪರೀಕ್ಷೆ ಪಾಸಾದ ಸರ್ಟಿಫಿಕೇಟು ಇತ್ತು. "ಅಕ್ಕಾ, ನನ್ನ ದನಿ ಹ್ಯಾಂಗ ಐತಿ ಅನ್ನೂದs ಮರ್ತಂಗ ಆಗೇತಿ" ಎಂದಳು. ನನಗೆ ಅಳುವೂ ಬಂತು, ಸಿಟ್ಟೂ ಬಂತು. ಸಿಟ್ಟೇ ಮೇಲಾಯಿತು.

ಅಪ್ಪ ತೀರಿಕೊಂಡ ಮೇಲೆ ನಮ್ಮ ಮನೆಯ ದೊಡ್ಡ ಮಾತುಗಳೆಲ್ಲ ಸೋದರಮಾವನವು. ಮದುವೆ ಕೂಡಿಸಿದವನೂ ಅವನೇ. ಮಾಮಾ ಕೆಟ್ಟವನಲ್ಲ. ಆದರೆ ನಾಲ್ಕು ಮಂದಿಯಲ್ಲಿ ಕೊಟ್ಟ ಮಾತು ಅವನಿಗೆ ಜೀವಕ್ಕಿಂತ ದೊಡ್ಡದು. ಬೀಗರಿಂದ ದಿನಾ ಫೋನು ಬರುತ್ತಿತ್ತು, ಅದೂ ಅವನಿಗೇ. ಊರಿನವರು ಬೇರೆ ತಮ್ಮ ಲೆಕ್ಕ ಹೇಳುತ್ತಿದ್ದರು. ಮದುವೆಯ ದಿನ ಬೀಗರ ಗಾಡಿ ದಾರಿಯಲ್ಲಿ ಕೆಟ್ಟು ನಿಂತು, ಅಕ್ಕಿಕಾಳು ಬೀಳುವ ಹೊತ್ತಿಗೆ ಮುಹೂರ್ತ ಮೀರಿತ್ತು. ಸಂಸಾರ ಹೀಗಾದದ್ದು ಅದಕ್ಕೇ ಅಂತೆ. ಗಂಡನಾದವನು ಬಾಯಿ ಬಿಡದಿದ್ದುದಕ್ಕೆ ಗಾಡಿಯ ಚಕ್ರವನ್ನು ಬಯ್ಯುವ ಈ ಬುದ್ಧಿಗೆ ನಾನು ಚೆನ್ನಾಗಿ ನಗಾಡಿದ್ದೆ. ಅವ್ವ ಮಾತ್ರ ನಗುತ್ತಿರಲಿಲ್ಲ. ಯಾರಾದರೂ ಆ ಮಾತೆತ್ತಿದರೆ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಳ್ಳುತ್ತ ಕೂತುಬಿಡುತ್ತಿದ್ದಳು.

ಕೊನೆಗೆ ಮಾಮಾನೇ ಒಂದು ಗಡುವು ಹಾಕಿದ.

"ಪಂಚಮಿಗೆ ಹೆಣ್ಣಮಕ್ಕಳು ತವರಿಗೆ ಬರ್ತಾರ. ಬರಬೇಕಂದ್ರ ಮೊದಲ ಅಲ್ಲಿರಬೇಕಲ್ಲ? ನಾಗರ ಅಮಾಸಿ ಹಿಂದಿನ ದಿನಾ ನಾ ಬರ್ತೇನಿ. ಅಷ್ಟರಾಗ ಈಕಿದು ಏನರೆ ಕೆಲಸ ಹತ್ತಿತ್ತು ಅಂದ್ರ ನಾ ಬಾಯಿ ತಗಿಯೂದಿಲ್ಲ. ಇಲ್ಲಂದ್ರ ಮುದ್ದೇಬಿಹಾಳಕ್ಕ ಬಿಟ್ಟು ಬರ್ತೇನಿ. ಮುಂದ ಪಂಚಮಿಗೆ ಎಲ್ಲಾರಂಗ ಬರಲಿ, ಎಲ್ಲಾರಂಗ ಹೋಗಲಿ."

ತಂಗಿ ಹೂಂ ಎಂದಳು. ಬಾಗೇವಾಡಿಯಲ್ಲಿ ಕಚೇರಿಗಳಿರುವ ರಸ್ತೆಯಲ್ಲಿ ಒಂದು ಸಣ್ಣ ಮಳಿಗೆ ಖಾಲಿಯಾಗಿತ್ತು. ಅರ್ಜಿ ಬರೆಸುವವರು ದಿನವೂ ಓಡಾಡುವ ಜಾಗ. ಶ್ರಾವಣದವರೆಗೆ ಕಾದರೆ ಅದು ಬೇರೆಯವರ ಪಾಲಾಗುತ್ತಿತ್ತು, ಗಡುವೂ ಮುಗಿದಿರುತ್ತಿತ್ತು. ಹೀಗಾಗಿ ಯಾರೂ ಹೊಸ ಕೆಲಸ ಹಿಡಿಯದ ಆಷಾಢದಲ್ಲಿ ನಮ್ಮ ತಂಗಿಯ ಝೆರಾಕ್ಸ್ ಮತ್ತು ಟೈಪಿಂಗ್ ಅಂಗಡಿ ತೆರೆಯಿತು. ಕಂಪ್ಯೂಟರು ಸಿಂದಗಿಯ ಒಂದು ಅಂಗಡಿಯಿಂದ ಬಂತು. ಜೋಡಿಸಲು ಬಂದವನಿಗೆ ಚಹಾ ತರಲು ತಂಗಿ ಹೊರಗೆ ಹೋದಾಗ ಅವ್ವ ಒಬ್ಬಳೇ ಅವನ ಜೊತೆ ಕೂತಿದ್ದಳು. ತಂಗಿ ಮರಳಿ ಬರುವಷ್ಟರಲ್ಲಿ ಯಂತ್ರ ತಯಾರಾಗಿತ್ತು. ಪರದೆಗೆ ಅರಿಷಿಣ ಕುಂಕುಮ ಬಿದ್ದಿತ್ತು, ಅದರ ಬಲಗಡೆಯ ಕೆಳಮೂಲೆಯಲ್ಲಿ ಅವ್ವ ಒಂದು ಲಕ್ಷ್ಮಿಯ ಸ್ಟಿಕ್ಕರನ್ನೂ ಅಂಟಿಸಿಬಿಟ್ಟಿದ್ದಳು. ಇದನ್ನು ತಂಗಿ ಫೋನಿನಲ್ಲಿ ನಗುತ್ತ ಹೇಳಿದಳು. ನಾನೂ ನಕ್ಕೆ.

ಮರುದಿನದ ಫೋನಿನಲ್ಲಿ ನಗು ಇರಲಿಲ್ಲ.

"ಅಕ್ಕಾ, ವರ್ಡ್ ತೆರೀತೈತಿ, ಆದ್ರ ಬರಿಯಾಕ ಬಿಡವಲ್ದು. ಬರೇ ಓದಾಕ ಬಿಡತೈತಿ. ಮ್ಯಾಲ ಕೆಂಪು ಪಟ್ಟಿ ಬಂದೇತಿ. ಚಾಲೂ ಮಾಡ್ರಿ ಅಂತೈತಿ. ಚಾಲೂ ಮಾಡಾಕ ಹೋದ್ರ ಏನೋ ನಂಬರ್ ತೋರಸ್ತೈತಿ."

"ನಂಬರ್ ಓದು. ಒಂದಕ್ಷರಾ ಬಿಡಬ್ಯಾಡ."

"ಸೊನ್ನಿ, ಎಕ್ಸ್, ಎಂಟು, ಸೊನ್ನಿ, ಸೊನ್ನಿ, ಏಳು, ಎರಡು, ಎಫ್, ಎಂಟು, ಎಫ್."

ಅಂಗೈ ಮೇಲೆ ಪೆನ್ನಿನಿಂದ ಬರೆದುಕೊಂಡೆ. ದುಡ್ಡು ಕೊಟ್ಟು ತಂದ ಸಾಫ್ಟ್‌ವೇರು, ಖರೀದಿ ಮಾಡಿದ್ದು ನಿಜವೆಂದು ಇಂಟರ್ನೆಟ್ಟಿನ ಮೂಲಕ ಒಮ್ಮೆ ಕಂಪನಿಯನ್ನು ಕೇಳಿಕೊಳ್ಳುತ್ತದೆ. ಅಲ್ಲಿಂದ ಹೂಂ ಎಂದು ಬಂದರೆ ಮಾತ್ರ ಬರೆಯಲು ಬಿಡುತ್ತದೆ. ಈ ಕೋಡಿನ ಅರ್ಥ ಇಷ್ಟೇ: ಆ ಕಡೆಯವರೊಡನೆ ನಂಬಿಕೆಯ ಸಂಪರ್ಕ ಕೂಡಿಬರಲಿಲ್ಲ. ಕಾರಣಗಳು ಕೆಲವಿರುತ್ತವೆ. ನೆಟ್‌ವರ್ಕ್ ಕೆಟ್ಟಿರಬಹುದು, ಆಂಟಿವೈರಸ್ಸಿನಂಥ ಕಾವಲು ಸಾಫ್ಟ್‌ವೇರು ಅಡ್ಡ ಬಂದಿರಬಹುದು, ಯಂತ್ರದ ತಾರೀಖು ತಪ್ಪಿರಬಹುದು. ಒಂದೊಂದಾಗಿ ಹಿಡಿದೆ.

"ತಾರೀಖು ಸರಿ ಐತೇನು ನೋಡು."

ತುಸು ತಡೆದು, "ಸರಿ ಐತಕ್ಕಾ" ಎಂದು ಅಂದಿನ ತಾರೀಖು, ವಾರ ಎರಡನ್ನೂ ಹೇಳಿದಳು. ಸರಿ, ಅದೊಂದು ಮುಗಿಯಿತು ಎಂದುಕೊಂಡು ನೆಟ್‌ವರ್ಕಿನ ಬೆನ್ನು ಹತ್ತಿದೆ. ಅವಳ ಫೋನಿನ ಇಂಟರ್ನೆಟ್ ಹಚ್ಚಿದರೆ ಕಂಪ್ಯೂಟರಿನಲ್ಲಿ ಯಾವ ಪುಟವೂ ಸರಿಯಾಗಿ ತೆರೆಯುತ್ತಿರಲಿಲ್ಲ. ಅದೇ ಫೋನಿನಲ್ಲಿ ಎಲ್ಲ ತೆರೆಯುತ್ತಿತ್ತು. ಬೇರೆ ಸಿಮ್ ಹಾಕಿಸಿದೆ. ಪಕ್ಕದ ಅಂಗಡಿಯವರ ವೈಫೈ ಕೇಳಿಸಿದೆ. ಕಾವಲು ಸಾಫ್ಟ್‌ವೇರನ್ನು ತೆಗೆಸಿದೆ, ಮತ್ತೆ ಹಾಕಿಸಿದೆ. ಊಟದ ಬಿಡುವಿನಲ್ಲಿ ಡಬ್ಬಿ ತೆರೆಯದೆ ಫೋನು ಹಿಡಿದು ಕಚೇರಿಯ ಬೇವಿನ ಗಿಡದ ಕೆಳಗೆ ನಿಲ್ಲುತ್ತಿದ್ದೆ. ಏನು ಮಾಡಿದರೂ ಅದೇ ಕೋಡ್. ಅಂಗೈಯಲ್ಲಿನ ಬರಹ ಅಳಿಸಿಹೋದರೂ ಬಾಯಿಗೆ ಬಂದುಬಿಟ್ಟಿತ್ತು.

ಒಂದು ಭಾನುವಾರ ಖುದ್ದು ಬಾಗೇವಾಡಿಗೆ ಹೋದೆ. ಅಂದು ಲೈನ್ ರಿಪೇರಿ ಎಂದು ಬೆಳಗಿನಿಂದ ಕರೆಂಟೇ ಇಲ್ಲ. ಕಪ್ಪು ಪರದೆಯ ಮುಂದೆ ಅಕ್ಕ ತಂಗಿ ಇಬ್ಬರೂ ಕೂತು ಶೇಂಗಾ ತಿಂದು ಬಂದೆವು. ಮುಂದಿನ ವಾರ ಇಂಡಿಯಿಂದ ಸಿಂದಗಿಯ ಬಸ್ಸು ಹತ್ತಿ, ಕಂಪ್ಯೂಟರು ಕೊಟ್ಟ ಅಂಗಡಿಗೇ ಹೋಗಿ ನಿಂತೆ. ಜೋಡಿಸಿ ಬಂದವನು ಬೇರೆ ಊರಿಗೆ ಹೋಗಿದ್ದ. ಮಾಲೀಕರು ಗಲ್ಲಾಪೆಟ್ಟಿಗೆಯ ಹಿಂದಿನಿಂದಲೇ ತೀರ್ಪು ಕೊಟ್ಟರು.

"ಮಷಿನ್ ತಂದು ಹಾಕ್ರಿ ಬಾಯಾರ. ಫಾರ್ಮ್ಯಾಟ್ ಹೊಡದು ಕೊಡ್ತೇವಿ. ಅಮಾಸಿ ದಾಟಲಿ."

"ಕೋಡ್ ಏನಂತ ಬಂದೇತಿ ಅಂತ ಕೇಳ್ರೆಲಾ ಒಮ್ಮೆ."

"ಕೋಡ್ ಯಾವ್ದಿದ್ರೂ ಅಷ್ಟರಿ. ಫಾರ್ಮ್ಯಾಟ್ ಹೊಡದ್ರ ಎಲ್ಲಾ ಹೋಗ್ತಾವ."

ಎಲ್ಲಾ ಹೋಗುತ್ತದೆ ಎಂಬುದು ನನಗೂ ಗೊತ್ತಿತ್ತು. ಅಮಾಸಿ ದಾಟಿದರೆ ತಂಗಿಯೂ ಹೋಗುತ್ತಿದ್ದಳು. ಬಸ್‌ಸ್ಟ್ಯಾಂಡಿನವರೆಗೆ ದಾಪುಗಾಲು ಹಾಕಿಕೊಂಡು ಬಂದೆ. ಈ ಕೋಡಿಗೆ ನಾನೇ ಉತ್ತರ ಹುಡುಕುತ್ತೇನೆ, ಹುಡುಕದೆ ಬಿಡುವುದಿಲ್ಲ ಎಂದು ಅಂದು ಬಸ್ಸಿನ ಕಿಟಕಿಯ ಪಕ್ಕ ಕೂತು ನನಗೆ ನಾನೇ ಹೇಳಿಕೊಂಡೆ. ಪಕ್ಕದಲ್ಲಿದ್ದ ಮುದುಕಿ ಏನಾತು ಯವ್ವಾ ಎಂದು ಕೇಳಿದ್ದನ್ನು ನೋಡಿದರೆ ತುಸು ಜೋರಾಗಿಯೇ ಹೇಳಿಕೊಂಡಿರಬೇಕು.

ಈ ನಡುವೆ ತಂಗಿ ಝೆರಾಕ್ಸ್ ತೆಗೆಯುತ್ತ ಕೂತಿದ್ದಳು. ಅರ್ಜಿ ಬರೆಸಲು ಬಂದವರನ್ನು ನಾಳೆ ಬರ್ರಿ, ನಾಡದು ಬರ್ರಿ ಎಂದು ಕಳಿಸುತ್ತಿದ್ದಳು. ಹಾಗೆ ಕಳಿಸುವುದು ಅವಳಿಗೆ ಸಾವಿನಷ್ಟು ಕಷ್ಟವಾಗುತ್ತಿತ್ತು. ವಿಷಯ ಮಾಮಾನ ಕಿವಿಗೂ ಬಿತ್ತು. "ಆಷಾಢದಾಗ ಯಾರರೆ ಅಂಗಡಿ ಹಚ್ಚತಾರೇನು? ಮಷಿನ್ನs ಒಲ್ಲೆ ಅನ್ನಾಕತ್ತೇತಿ" ಎಂದು ಅವ್ವನಿಗೆ ಹೇಳಿದನಂತೆ.

ನಾಗರ ಅಮಾವಾಸ್ಯೆಯ ಹಿಂದಿನ ದಿನ ರಜೆ ಹಾಕಿ ಬೆಳಿಗ್ಗೆಯೇ ಬಾಗೇವಾಡಿ ಮುಟ್ಟಿದೆ. ಅಂಗಡಿಯಲ್ಲಿ ತಂಗಿ ಇದ್ದಳು, ಅವ್ವ ಇದ್ದಳು. ಬಾಗಿಲ ಪಕ್ಕದ ಸ್ಟೂಲಿನ ಮೇಲೆ ಕೈಚೀಲ ತೊಡೆಯ ಮೇಲಿಟ್ಟುಕೊಂಡು ಮಾಮಾ ಆಗಲೇ ಕೂತಿದ್ದ. ತಂಗಿಯ ಬ್ಯಾಗು ಕೂಡ ಗೋಡೆಗೊರಗಿತ್ತು. ಅದನ್ನು ಅವಳೇ ತುಂಬಿಕೊಂಡು ಬಂದಿದ್ದಳು. ಕೊಟ್ಟ ಮಾತಿನ ವಿಷಯದಲ್ಲಿ ಅವಳೂ ಮಾಮಾನ ವಂಶದವಳೇ. ಕಟ್ಟೆಯ ಮೇಲೆ ಗೊಳಸಂಗಿಯ ಹೆಂಗಸೊಬ್ಬಳು ಕಾಯುತ್ತಿದ್ದಳು. ಅವರ ಹೊಲಕ್ಕೆ ಹೋಗುವ ದಾರಿಗೆ ಯಾರೋ ಮುಳ್ಳು ಬಡಿದು ಬಂದ್ ಮಾಡಿದ್ದರು. ತಹಶೀಲ್ದಾರರಿಗೆ ಅರ್ಜಿ ಬೇಕಿತ್ತು. ನಾಳೆ ಬರ್ರಿ ಎನಿಸಿಕೊಂಡು ಅವಳು ಬಂದದ್ದು ಇದು ಮೂರನೆಯ ಸಲ.

"ಒಂದೂವರಿಗೆ ಮುದ್ದೇಬಿಹಾಳ ಬಸ್ ಐತಿ" ಎಂದ ಮಾಮಾ.

"ಅಂಗಡಿ ಹಚ್ಚಾಕ ಬರಲಾರದ ದಿನಾ ಮಗಳನ್ನ ಕಳಸಾಕ ಹ್ಯಾಂಗ ಬರತೈತಿ ಮಾಮಾ?" ಎಂದೆ ನಾನು. ಮಾಮಾ ಚೀಲದ ಹಿಡಿಕೆಯನ್ನು ಸರಿಮಾಡಿಕೊಂಡ.

ಯಂತ್ರದ ಮುಂದೆ ಕೂತೆ. ನನ್ನದೊಂದು ಪದ್ಧತಿಯಿದೆ. ಎಲ್ಲ ಮಾಡಿಯೂ ದಾರಿ ಕಾಣದಿದ್ದರೆ ಮತ್ತೆ ಮೊದಲಿನಿಂದ ಬರುತ್ತೇನೆ, ಮತ್ತು ಈ ಸಲ ಯಾರ ಮಾತನ್ನೂ ನಂಬುವುದಿಲ್ಲ, ನನ್ನ ಕಣ್ಣನ್ನು ಮಾತ್ರ ನಂಬುತ್ತೇನೆ. ವಾಯರುಗಳನ್ನು ಕಿತ್ತು ಮತ್ತೆ ಚುಚ್ಚಿದೆ. ನನ್ನ ಫೋನಿನ ಇಂಟರ್ನೆಟ್ ಕೊಟ್ಟೆ. ಕೋಡ್ ಬಂತು. ಕಾವಲು ಸಾಫ್ಟ್‌ವೇರು ತೆಗೆದೆ. ಕೋಡ್ ಬಂತು. ಇನ್ನು ತಾರೀಖು. ಕಣ್ಣು ಪರದೆಯ ಬಲಗಡೆಯ ಕೆಳಮೂಲೆಗೆ ಹೋಯಿತು. ಅಲ್ಲಿ ಲಕ್ಷ್ಮಿ ಕಮಲದ ಮೇಲೆ ಕೂತಿದ್ದಳು.

"ಅವತ್ತ ನಾ ತಾರೀಖು ಕೇಳಿದಾಗ ಎಲ್ಲಿ ನೋಡಿ ಹೇಳಿದಿ?"

"ಅಲ್ಲಿ" ಎಂದು ತಂಗಿ ಗೋಡೆಯ ಕ್ಯಾಲೆಂಡರು ತೋರಿಸಿದಳು.

ಸ್ಟಿಕ್ಕರಿನ ಅಂಚಿಗೆ ಉಗುರು ಹಾಕಿದೆ.

"ಅದಕ್ಕ ಕೈ ಹಚ್ಚಬ್ಯಾಡ" ಎಂದಳು ಅವ್ವ. ಆ ದನಿಯಲ್ಲಿ ಭಕ್ತಿಗಿಂತ ಹೆದರಿಕೆ ಹೆಚ್ಚಿತ್ತು. ತಿರುಗಿ ನೋಡಿದೆ. ಸೆರಗಿನ ತುದಿ ಆಗಲೇ ಬೆರಳಿಗೆ ಸುತ್ತಿಕೊಂಡಿತ್ತು. ಸ್ಟಿಕ್ಕರನ್ನು ಅಲ್ಲಿಗೇ ಬಿಟ್ಟು, ಸೆಟ್ಟಿಂಗ್ಸಿನ ಒಳಗೆ ಹೋಗಿ ತಾರೀಖಿನ ಪುಟ ತೆರೆದೆ. ಹೊರಗೆ ಆಷಾಢದ ಗಾಳಿ ಬೀಸುತ್ತಿತ್ತು. ಯಂತ್ರದೊಳಗೆ ಹೋದ ವರ್ಷದ ನವೆಂಬರ್ ನಡೆದಿತ್ತು. ತಾರೀಖನ್ನು ತಾನಾಗಿ ಸರಿಪಡಿಸಿಕೊಳ್ಳುವ ಗುಂಡಿಯನ್ನು ಯಾರೋ ಬೇಕೆಂದೇ ಬಂದ್ ಮಾಡಿದ್ದರು.

ಎಂಟೊಂಬತ್ತು ತಿಂಗಳು ಹಿಂದೆ ನಿಂತ ಯಂತ್ರಕ್ಕೆ ಇಂಟರ್ನೆಟ್ಟಿನ ಆ ಕಡೆಯವರು ಇಂದು ತೋರಿಸುವ ಗುರುತಿನ ಚೀಟಿಗಳೆಲ್ಲ ಇನ್ನೂ ಹುಟ್ಟದ ದಿನದವು. ಅದು ಯಾರನ್ನು ನಂಬಬೇಕು?

"ನವೆಂಬರ್ ಯಾಕೈತಿ ಇಲ್ಲಿ?" ಎಂದು ತಂಗಿ ಬಗ್ಗಿ ನೋಡಿದಳು.

"ಹಚ್ಚಿದಾಗ ಪಾಡ್ಯಾ ಇತ್ತು" ಎಂದಳು ಅವ್ವ ಮೆಲ್ಲಗೆ. "ದೀಪಾವಳಿ ಪಾಡ್ಯಾ. ಈಗ ಅದು ಮುಂದ ಹೋಗಿರಬೇಕು."

ಜೋಡಿಸಲು ಬಂದವನಿಗೆ ಅವ್ವ ದುಂಬಾಲು ಬಿದ್ದಿದ್ದಳು. ಆಷಾಢದಲ್ಲಿ ಮೊದಲ ಸಲ ಚಾಲೂ ಆಗುವ ಯಂತ್ರ ನಮ್ಮ ಹುಡುಗಿಯ ಕೈ ಹಿಡಿಯುವುದಿಲ್ಲ, ಅದರೊಳಗಾದರೂ ಒಂದು ಒಳ್ಳೆಯ ದಿನ ಇಡು ಎಂದು. ವರ್ಷದಲ್ಲಿ ಅಂಗಡಿಕಾರರು ಪೂಜೆ ಮಾಡಿ ಹೊಸದು ಶುರುಮಾಡುವ ದಿನ ಪಾಡ್ಯ. ಅವನು ನಕ್ಕು, ಮುದುಕಿಯ ಮನಸ್ಸು ಯಾಕೆ ನೋಯಿಸಬೇಕೆಂದು ಹಿಂದಿನ ಪಾಡ್ಯದ ತಾರೀಖು ಇಟ್ಟುಕೊಟ್ಟಿದ್ದ. ತಂಗಿ ಕಂಡು ಬದಲಿಸಬಾರದೆಂದು ಅವ್ವ ಅದರ ಮೇಲೆ ಲಕ್ಷ್ಮಿಯನ್ನು ಕೂಡಿಸಿದ್ದಳು.

ನನಗೆ ಸಿಟ್ಟು ಎಲ್ಲಿತ್ತೋ ಏನೋ, ಒಮ್ಮೆಲೇ ಬಂತು. "ಅವ್ವಾ, ಇಷ್ಟ ದಿನಾ ನಾವು ಒದ್ದಾಡೂದು ನೋಡ್ಕೋತ ಕುಂತೀಯಲ್ಲ! ಒಂದ ಮಾತ ಹೇಳಬಾರದೇನು?"

"ಅದರಿಂದ ಹಿಂಗ ಆಗತೈತಿ ಅಂತ ನನಗೇನ ಗೊತ್ತ ಯವ್ವಾ? ಮನ್ಯಾಗ ಗ್ವಾಡಿ ಗಡಿಯಾರಾ ಹತ್ತ ನಿಮಿಷ ಮುಂದ ಇಟ್ಟೇವಿ. ಅದಕ್ಕೇನರೆ ಆಗೇತೇನು? ಇದೂ ಹಂಗs ಅಂತ ತಿಳಕೊಂಡ್ನಿ." ಅವ್ವ ತಂಗಿಯ ಕಡೆ ತಿರುಗಿದಳು. "ನಿನ್ನ ಅಕ್ಕಿಕಾಳಿಗೆ ಹೊತ್ತ ಮೀರಿತ್ತು. ಮಂದಿ ಇವತ್ತಿಗೂ ಅಂತಾರ. ಆವಾಗ ನನ್ನ ಕೈಯಾಗ ಏನೂ ಇರಲಿಲ್ಲ. ಈ ಸಲ ಇತ್ತು."

ನನ್ನ ಸಿಟ್ಟು ಅಲ್ಲೇ ಕರಗಿಹೋಯಿತು. ಎಷ್ಟು ಸಲ ಆ ಮುಹೂರ್ತದ ಮಾತಿಗೆ ನಾನು ಅವಳೆದುರೇ ನಕ್ಕಿದ್ದೆ. ಅವಳು ಅದನ್ನು ಎರಡು ವರ್ಷ ಎದೆಯಲ್ಲಿ ಇಟ್ಟುಕೊಂಡು ತಿರುಗುತ್ತಿದ್ದಳು.

ಮೌಸು ನನ್ನ ಕೈಯಲ್ಲಿತ್ತು. ಒಂದು ಗುಂಡಿ ಒತ್ತಿದ್ದರೆ ಮುಗಿಯುತ್ತಿತ್ತು. ಆದರೆ ಅದು ನಾನು ಒತ್ತುವುದಲ್ಲ ಅನಿಸಿತು. ಎದ್ದು ಕುರ್ಚಿಯನ್ನು ತಂಗಿಗೆ ಬಿಟ್ಟುಕೊಟ್ಟೆ.

"ಇವತ್ತಿಂದು ಹಾಕಿದ್ರ ಆಷಾಢ ಆಗತೈತಿ" ಎಂದಳು ಅವ್ವ. "ನಾಳೆ ಅಮಾಸಿ."

"ಹೌದವ್ವಾ" ಎಂದಳು ತಂಗಿ. "ಇವತ್ತ ನಾ ಇಲ್ಲೇ ಅದೇನಿ. ನನಗ ಇವತ್ತ ಬೇಕು."

ಅವ್ವ ಅವಳ ಮುಖ ನೋಡಿದಳು. ಆಮೇಲೆ ಬಗ್ಗಿ, ಪರದೆಯ ಮೂಲೆಯ ಲಕ್ಷ್ಮಿಯನ್ನು ಹರಿಯದಂತೆ ಉಗುರಿನಿಂದ ಮೆಲ್ಲಗೆ ಬಿಡಿಸಿ, ಮೇಜಿನ ಕೆಳಗಿದ್ದ ಕಂಪ್ಯೂಟರಿನ ಡಬ್ಬಕ್ಕೆ ಅಂಟಿಸಿದಳು. "ಹಾಕು" ಎಂದಳು.

ತಂಗಿ ಗುಂಡಿ ಒತ್ತಿದಳು. ಮೂಲೆಯಲ್ಲಿ ನವೆಂಬರ್ ಹೋಗಿ ಇಂದಿನ ದಿನ ಬಂತು. ವರ್ಡ್ ತೆರೆದು ಚಾಲೂ ಮಾಡಲು ಕೊಟ್ಟಳು. ಪರದೆಯ ನಡುವೆ ಚಕ್ರ ತಿರುಗಿತು. ಬಾಯಿಪಾಠವಾಗಿದ್ದ ಆ ಕೋಡಿಗಾಗಿ ನಾನು ಕಾದೆ. ಅದು ಬರಲಿಲ್ಲ. ಕೆಂಪು ಪಟ್ಟಿ ಅಳಿಸಿಹೋಯಿತು. ಬಿಳಿಯ ಹಾಳೆಯ ಮೇಲೆ ಕರ್ಸರಿನ ಕಡ್ಡಿ ಮಿಣುಕತೊಡಗಿತು. ನಾನು ಗಟ್ಟಿಯಾಗಿ ನಕ್ಕುಬಿಟ್ಟೆ, ಕಣ್ಣಲ್ಲಿ ನೀರೂ ಬಂತು.

ತಂಗಿ ನಗಲೂ ಇಲ್ಲ, ಅಳಲೂ ಇಲ್ಲ. ಕಟ್ಟೆಯ ಕಡೆ ಕೂಗಿ, "ಬರ್ರಿ ಒಳಗ. ಹೊಲದ ದಾರಿದು ಹೇಳ್ರಿ" ಎಂದಳು. ಗೊಳಸಂಗಿಯ ಹೆಂಗಸು ಬಂದು ಕೂತು, ಮುಳ್ಳು ಬಡಿದವರ ತಾತ ಮುತ್ತಾತಂದಿರನ್ನೆಲ್ಲ ಬಯ್ಯುತ್ತ ಹೇಳತೊಡಗಿದಳು. ತಂಗಿ ಬೈಗುಳಗಳನ್ನು ಬಿಟ್ಟು ಉಳಿದದ್ದನ್ನು ಬರೆಯುತ್ತ ಹೋದಳು. ನಡುನಡುವೆ "ಎಷ್ಟು ವರ್ಷದ ದಾರಿರಿ ಅದು? ಮಳಿಗಾಲದಾಗ ಬಂಡಿ ಹ್ಯಾಂಗ ಹೊಡೀತಿದ್ರಿ?" ಎಂದು ಕೇಳುತ್ತಿದ್ದಳು. ಮುದ್ದೇಬಿಹಾಳದಿಂದ ಬಂದ ಮೇಲೆ ಅವಳು ಅಷ್ಟು ಮಾತಾಡಿದ್ದನ್ನು ನಾನು ಅಂದೇ ಕೇಳಿದ್ದು. ಮಾಮಾ ಕೂಡ ಕೇಳಿಸಿಕೊಳ್ಳುತ್ತಿದ್ದ. ಅವಳ ದನಿ ಅವನಿಗೂ ಹೊಸದೆಂಬಂತೆ ಚೀಲವನ್ನು ಕೆಳಗಿಟ್ಟು ಕೂತಿದ್ದ.

ಅರ್ಜಿ ಮುಗಿಯಿತು. ಕೆಳಗೆ ಎಡಗಡೆ ಸ್ಥಳ ಎಂದು ಬರೆದಳು, ಅದರ ಕೆಳಗೆ ದಿನಾಂಕ ಎಂದು ಬರೆದು ಆ ದಿನದ ತಾರೀಖು ಹಾಕಿದಳು. ಪ್ರಿಂಟು ಹೊರಬಂತು. ಹೆಂಗಸು ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ತಹಶೀಲ್ದಾರರ ಕಚೇರಿಯ ಕಡೆ ಹೋದಳು. ಅವಳ ಹಿಂದೆ ಇನ್ನಿಬ್ಬರು ಕಾಯುತ್ತಿದ್ದರು.

ಒಂದೂವರೆಯ ಬಸ್ಸಿನ ಹೊತ್ತಿಗೆ ಮಾಮಾನ ಫೋನು ಬಡಿಯಿತು. ಮುದ್ದೇಬಿಹಾಳದ ಬೀಗರದು. ತಂಗಿಯ ಬೆರಳುಗಳು ಕೀಲಿಗಳ ಮೇಲೆ ನಿಂತವು, ಅವಳು ತಿರುಗಿ ಮಾತ್ರ ನೋಡಲಿಲ್ಲ. ಮಾಮಾ ಗೋಡೆಗೊರಗಿದ್ದ ಅವಳ ಬ್ಯಾಗನ್ನು ನೋಡಿದ, ಸರದಿಯಲ್ಲಿ ನಿಂತವರನ್ನು ನೋಡಿದ, ಫೋನು ಕಿವಿಗಿಟ್ಟುಕೊಂಡ.

"ಹೂಂರಿ, ನಾ ಬಾಗೇವಾಡ್ಯಾಗ ಅದೇನಿ. ಇಲ್ಲರಿ, ಬಸ್ ಹತ್ತಿಲ್ಲ. ಆಕಿ ಬರೂದಿಲ್ಲರಿ." ಆ ಕಡೆಯಿಂದ ಏನೋ ಜೋರು ಮಾತು ಕೇಳಿಸಿತು. ಮಾಮಾ ಅದು ಮುಗಿಯುವವರೆಗೆ ಕಾದ. "ಪಂಚಮಿಗೂ ಅಲ್ಲ, ಪಂಚಮಿ ಆದಮ್ಯಾಲೂ ಅಲ್ಲರಿ. ಆಕಿಗೆ ಕೆಲಸ ಐತಿ."

ತಂಗಿಯ ಬೆರಳುಗಳು ಮತ್ತೆ ಓಡತೊಡಗಿದವು.